ಪೊಲೀಸರಿಗೆ ಗುಂಡು ತಾಗಿದ ಚಾರ್ಟ್ ಬಂದ್ರೆ ಕೋಡ್ ಹಾಕೋದು ಹೇಗೆ

ಶಿರಸಿ, ಕುಮಟಾ, ಕಾರವಾರ ಕಡೆಯಿಂದ ಬಿಎಸ್ಸಿ, ನರ್ಸಿಂಗ್, ಬಿಫಾರ್ಮಾ ಮುಗಿಸಿ ಮೆಡಿಕಲ್ ಕೋಡಿಂಗ್‌ಗೆ (ಬಿಲ್ಲಿಗಾಗಿ ರೋಗ, ಗಾಯ, ಚಿಕಿತ್ಸೆಗಳನ್ನ ಕೋಡ್ ಆಗಿ ಬರೆಯೋ ಕೆಲಸ) ಹೋದವ್ರು ಈಗ ಸುಮಾರು ಜನ ಇದ್ದಾರೆ, ಕೆಲವ್ರು ಬೆಂಗಳೂರು ಮಂಗಳೂರಲ್ಲಿ ಆಫೀಸಿಗೆ ಹೋಗ್ತಾರೆ, ಕೆಲವ್ರು ಊರಲ್ಲೇ ಮನೇಲಿ ಕೂತು ರಾತ್ರಿ ಅಮೆರಿಕದ ಆಸ್ಪತ್ರೆಗಳ ಚಾರ್ಟ್ (ರೋಗಿಯ ದಾಖಲೆ) ಮಾಡ್ತಾರೆ. ಜ್ವರ, ಶುಗರ್, ಎದೆನೋವು ಇದಕ್ಕೆಲ್ಲ ಕೈ ಬೇಗ ಕೂರ್ತದೆ. ಎಮರ್ಜೆನ್ಸಿ ಅಥವಾ ಟ್ರಾಮಾ (ಪೆಟ್ಟು, ಗಾಯದ ಕೇಸ್‌ಗಳ) ಕ್ಯೂ ಸಿಕ್ಕಿ ಅದ್ರಲ್ಲಿ "ಪೊಲೀಸ್ ಆಫೀಸರ್, ಗನ್‌ಶಾಟ್ ವೂಂಡ್" ಅಂತ ಒಂದು ಚಾರ್ಟ್ ಬಂದ್ರೆ ಮಾತ್ರ ಹೊಸಬ್ರು ತಡವರಿಸ್ತಾರೆ, ಯಾಕಂದ್ರೆ ನಮ್ಮ ಜಿಲ್ಲೆಯ ಆಸ್ಪತ್ರೆಗಳಲ್ಲಿ ಇಂಥ ಕೇಸ್ ನೋಡೋದೇ ಅಪರೂಪ, ಬಂದ್ರೂ ಎಂಎಲ್‌ಸಿ (ಮೆಡಿಕೋ-ಲೀಗಲ್ ಕೇಸ್) ಮಾಡಿ ಪೊಲೀಸರಿಗೆ ತಿಳಿಸಿ ವೂಂಡ್ ಸರ್ಟಿಫಿಕೇಟ್ ಬರೆಯೋದರಲ್ಲಿ ವಿಷಯ ಮುಗೀತದೆ. ಅಲ್ಲಿ ಹಂಗಲ್ಲ. 2015ರ ಅಕ್ಟೋಬರ್ 1ರಿಂದ ಅಮೆರಿಕದಲ್ಲಿ ಐಸಿಡಿ-10-ಸಿಎಂ ಅನ್ನೋ ರೋಗ, ಗಾಯಗಳ ಕೋಡ್ ಪದ್ಧತಿ ನಡೀತಾ ಇದೆ, ಅದ್ರಲ್ಲಿ ಗುಂಡು ಯಾವ ಗನ್ನಿಂದ ಬಂತು, ಯಾವ ಸಂದರ್ಭದಲ್ಲಿ, ತಾಗಿದ್ದು ಪೊಲೀಸರಿಗಾ ಆರೋಪಿಗಾ ದಾರೀಲಿ ಹೋಗ್ತಿದ್ದವರಿಗಾ, ಎಲ್ಲದಕ್ಕೂ ಬೇರೆ ಬೇರೆ ಅಂಕಿ ಇದೆ.

ಇದನ್ನ ಸರಿಯಾಗಿ ಮಾಡ್ಲಿಕ್ಕೆ ನಾನು ಹೇಳೋದು ಒಂದೇ: ಯೂನಿಫಾರ್ಮ್ ನೋಡಿ ಕೋಡ್ ಹಾಕ್ಬೇಡಿ, ನಡೆದದ್ದು ಏನು ಅಂತ ಓದಿ ಕೋಡ್ ಹಾಕಿ. ಗುಂಡು ತಾಗಿದ ಮನುಷ್ಯ ಪೊಲೀಸ್ ಅನ್ನೋದು ಗೊತ್ತಾದ ಕೂಡ್ಲೇ ವೈ35 (ಕಾನೂನು ಪಾಲನೆಯ ಸಂದರ್ಭದಲ್ಲಿ ಆದ ಗಾಯದ ಕೋಡ್) ಅಂತ ಟೈಪ್ ಮಾಡಿಬಿಡೋರು ಇದ್ದಾರೆ, ಗನ್ ಅಂದ ಕೂಡ್ಲೇ ಆಕ್ಸಿಡೆಂಟ್ ಕೋಡಿಗೆ ಹೋಗೋರೂ ಇದ್ದಾರೆ, ಎರಡೂ ತಪ್ಪು ದಾರಿ. (ಇಲ್ಲಿ ಕೋಡಿನ ಅಕ್ಷರ ಎಲ್ಲ ಕನ್ನಡದಲ್ಲೇ ಬರೀತಾ ಇದ್ದೇನೆ, ವೈ, ಎಸ್, ಎಕ್ಸ್, ಡಬ್ಲ್ಯೂ ಅಂತ, ಸಿಸ್ಟಮ್‌ನಲ್ಲಿ ಹಾಕುವಾಗ ಇಂಗ್ಲಿಷ್ ಅಕ್ಷರ ಹಾಕಿ.)

ಮೊದ್ಲು ಗಾಯ, ಆಮೇಲೆ ಕಥೆ

ಗಾಯದ ಕೋಡ್ ಎಸ್ ಅಕ್ಷರದಿಂದ ಶುರು ಆಗೋ 19ನೇ ಅಧ್ಯಾಯದಿಂದ ಬರ್ತದೆ, ಕಾರಣದ ಕೋಡ್ 20ನೇ ಅಧ್ಯಾಯದಿಂದ. ಕಾರಣದ ಕೋಡ್ ಯಾವತ್ತೂ ಮೊದಲ ಡಯಾಗ್ನೋಸಿಸ್ ಆಗೋದಿಲ್ಲ. ವೈ35 ಎಷ್ಟೇ ಮುಖ್ಯ ಅನ್ಸಿದ್ರೂ ಅದು ಗಾಯದ ಹಿಂದೆನೇ ನಿಲ್ಬೇಕು. ಕಾರಣದ ಕೋಡ್ ಕೊಡ್ಲೇಬೇಕು ಅಂತ ಇಡೀ ದೇಶಕ್ಕೆ ಒಂದೇ ಕಡ್ಡಾಯ ನಿಯಮ ಅಲ್ಲಿ ಇಲ್ಲ, ಕೆಲವು ರಾಜ್ಯ, ಕೆಲವು ಇನ್ಶೂರೆನ್ಸ್ ಕಡ್ಡಾಯ ಮಾಡಿರ್ತವೆ, ಇಲ್ಲದೇ ಇದ್ರೂ ಕೊಡಿ ಅಂತ ಐಸಿಡಿಯ ಅಧಿಕೃತ ಗೈಡ್‌ಲೈನ್ ಹೇಳ್ತದೆ. ಡ್ಯೂಟಿಲಿ ಇದ್ದ ಆಫೀಸರ್ ಅಂದ್ರೆ ಬಿಲ್ ಸಾಮಾನ್ಯವಾಗಿ ವರ್ಕರ್ಸ್ ಕಾಂಪೆನ್ಸೇಷನ್‌ಗೆ (ಕೆಲಸದಲ್ಲಿ ಆದ ಗಾಯಕ್ಕೆ ಪರಿಹಾರ ಕೊಡೋ ವಿಮೆಗೆ) ಹೋಗ್ತದೆ, ಅಲ್ಲಿ ಗಾಯ ಹೇಗಾಯ್ತು ಅನ್ನೋದೇ ಮೊದಲ ಪ್ರಶ್ನೆ, ಹಾಗಾಗಿ ಈ ಚಾರ್ಟ್‌ಗಳಲ್ಲಿ ಕಾರಣದ ಕೋಡ್ ಬಿಡೋ ಯೋಚನೆನೇ ಮಾಡ್ಬೇಡಿ.

ಗಾಯದ ಕಡೆ ಬರೋಣ. ಗುಂಡಿನ ಗಾಯಕ್ಕೆ ಅಂತ ಪ್ರತ್ಯೇಕ ಎಸ್ ಕೋಡ್ ಇಲ್ಲ. ಚರ್ಮ ತೂರಿದ ಗಾಯ ಸಾಮಾನ್ಯವಾಗಿ ಪಂಕ್ಚರ್ ವೂಂಡ್ (ತೂತು ಬಿದ್ದ ಗಾಯ) ಕಡೆಗೆ ಹೋಗ್ತದೆ, ಅದ್ರಲ್ಲಿ ನೋಡ್ಬೇಕಾದ್ದು ಮೂರು ವಿಷಯ: ಜಾಗ ಮತ್ತು ಎಡ-ಬಲ, ಒಳಗೆ ಫಾರಿನ್ ಬಾಡಿ ಇದೆಯಾ ಇಲ್ವಾ, ಎದೆ ಅಥವಾ ಹೊಟ್ಟೆ ಆದ್ರೆ ಒಳಗಿನ ಗೂಡಿಗೆ ಹೊಕ್ಕಿದೆಯಾ ಇಲ್ವಾ. ಗುಂಡು ಅಥವಾ ಚೂರು ಒಳಗೆ ಉಳಿದಿದ್ರೆ ವಿತ್ ಫಾರಿನ್ ಬಾಡಿ, ಓಟಿಲಿ ತೆಗೆದ್ರೂ ಸಹ ಬಂದಾಗ ಒಳಗಿತ್ತಲ್ಲ, ಹಾಗಾಗಿ ವಿತ್ ಅಂತಾನೇ. ನೋಟ್‌ನಲ್ಲಿ "ಥ್ರೂ ಆಂಡ್ ಥ್ರೂ" ಅಂತ ಇದ್ದು ಎಕ್ಸ್‌ರೇಲಿ ಚೂರು ಏನೂ ಇಲ್ಲ ಅಂದ್ರೆ ವಿದೌಟ್. ಹೊಕ್ಕ ತೂತು, ಹೊರಗೆ ಬಂದ ತೂತು ಎರಡೂ ಒಂದೇ ಕೋಡಿಗೆ ಬೀಳೋದಾದ್ರೆ ಆ ಕೋಡ್ ಒಂದೇ ಸಲ, ಯಾಕಂದ್ರೆ ಒಂದು ಎನ್‌ಕೌಂಟರ್‌ನಲ್ಲಿ (ಅಂದ್ರೆ ರೋಗಿ ಆಸ್ಪತ್ರೆಗೆ ಬಂದ ಒಂದು ಭೇಟಿಯಲ್ಲಿ) ಒಂದು ಕೋಡ್ ಒಮ್ಮೆ ಮಾತ್ರ. ಎರಡರಲ್ಲಿ ಯಾವುದು ಎಂಟ್ರಿ ಯಾವುದು ಎಕ್ಸಿಟ್ ಅಂತ ನಿರ್ಧಾರ ಮಾಡೋ ಕೆಲಸ ಕೋಡರ್‌ದ್ದಲ್ಲ.

ಎದೆಗೆ ಉದಾಹರಣೆ ಕೊಡ್ತೇನೆ. ಬಲಗಡೆ ಎದೆಯ ಮುಂಭಾಗ, ಗುಂಡು ಒಳಗೆ ಉಳಿದಿದೆ, ಆದ್ರೆ ಎದೆಗೂಡಿನ ಒಳಗೆ ಹೋಗಿಲ್ಲ ಅಂದ್ರೆ ಎಸ್21.141ಎ (ಕೊನೆಯ ಎ ಅಂದ್ರೆ ಚಿಕಿತ್ಸೆ ನಡೀತಾ ಇದೆ ಅಂತ). ಅದೇ ಗುಂಡು ಎದೆಗೂಡಿನ ಒಳಗೆ ಹೊಕ್ಕಿದ್ರೆ ಎಸ್21.341ಎ. ಮೂರನೇ ಅಂಕಿ ಮುಗಿದ ಮೇಲೆ 1 ಇದ್ದದ್ದು 3 ಆಯ್ತು, ಅಷ್ಟೇ ಕಾಣ್ತದೆ, ಆದ್ರೆ ಆ ಮನುಷ್ಯನ ಪಾಲಿಗೆ ಅದು ಹೊಲಿಗೆ ಹಾಕಿ ಕಳ್ಸೋದಕ್ಕೂ ಓಟಿಗೆ ಓಡೋದಕ್ಕೂ ಇರೋ ಅಂತರ. ಒಳಗೆ ಹೊಕ್ಕಿದ ಮೇಲೆ ಎಸ್21 ಒಂದಕ್ಕೇ ನಿಲ್ಬೇಡಿ. ಹೀಮೋಥೊರಾಕ್ಸ್ (ಎದೆಗೂಡಲ್ಲಿ ರಕ್ತ ತುಂಬಿದ್ದು) ಇದ್ರೆ ಎಸ್27.1, ಗಾಳಿ ತುಂಬಿದ್ರೆ ಎಸ್27.0, ಎರಡೂ ಇದ್ರೆ ಎಸ್27.2, ಪಕ್ಕೆಲುಬು ಮುರಿದಿದ್ರೆ ಎಸ್22, ಹೃದಯದ ಗಾಯ ಎಸ್26. ಎಸ್21ರ ಕೆಳಗೇ "ಕೋಡ್ ಆಲ್ಸೋ" ಅಂತ ಈ ಪಟ್ಟಿ ಬರೆದಿದೆ, ಓದ್ಕೊಳ್ಳಿ. ಹೊಟ್ಟೆಗೂ ಇದೇ ಕ್ರಮ, ಎಸ್31ರಲ್ಲಿ ಪೆರಿಟೋನಿಯಂ (ಹೊಟ್ಟೆಯ ಒಳಪದರ) ತೂರಿದೆಯಾ ನೋಡಿ, ತೂರಿದ್ರೆ ಎಸ್36ರಲ್ಲಿ ಲಿವರ್ರಾ ಕರುಳಾ ಅಂತ ಹುಡುಕಿ.

ಕಾಲು, ಕೈಗೆ ಬಂದ್ರೆ ಇನ್ನೊಂದು ಎಡವೋ ಜಾಗ ಇದೆ. ತೊಡೆಗೆ ಗುಂಡು ತಾಗಿ ಫೀಮರ್ (ತೊಡೆ ಮೂಳೆ) ಮುರಿದಿದೆ, ಡಾಕ್ಟ್ರು ಓಪನ್ ಫ್ರ್ಯಾಕ್ಚರ್ (ಚರ್ಮ ಒಡೆದು ತೆರೆದ ಮುರಿತ) ಅಂತ ಬರೆದಿದ್ದಾರೆ. ಆಗ ಮುರಿತಕ್ಕೆ ಎಸ್72 ಕೊಟ್ಟು, ಜೊತೆಗೆ ತೊಡೆಯ ತೆರೆದ ಗಾಯ ಅಂತ ಎಸ್71 ಕೂಡ ಕೊಡ್ತಾರೆ ಸುಮಾರು ಜನ. ಎಸ್71ರ ಕೆಳಗೆ ಎಕ್ಸ್‌ಕ್ಲೂಡ್ಸ್1 (ಇದ್ರ ಜೊತೆ ಕೊಡ್ಬಾರದ ಕೋಡ್‌ಗಳ ಟಿಪ್ಪಣಿ) ನೋಡಿ, ಓಪನ್ ಫ್ರ್ಯಾಕ್ಚರ್ ಅಲ್ಲೇ ಹೆಸರು ಹೇಳಿ ಹೊರಗಿಟ್ಟಿದ್ದಾರೆ. ಮುರಿತ ಓಪನ್ ಅಂದ ಮೇಲೆ ಆ ಗಾಯ ಅದ್ರೊಳಗೇ ಬಂತು. ಮಂಡಿಯಿಂದ ಕೆಳಗೆ ಎಸ್81, ಎಸ್82ಕ್ಕೂ ಹೀಗೇ. ಇನ್ನು ಏಳನೇ ಅಕ್ಷರ: ಗುಸ್ಟಿಲೋ (ಓಪನ್ ಮುರಿತ ಎಷ್ಟು ಗಂಭೀರ ಅಂತ ಹೇಳೋ ಶ್ರೇಣಿ) ಟೈಪ್ 1 ಅಥವಾ 2 ಆದ್ರೆ ಬಿ, ಟೈಪ್ 3ಎ, 3ಬಿ, 3ಸಿ ಆದ್ರೆ ಸಿ, ಬರೀ "ಓಪನ್" ಅಂತ ಬರೆದು ಟೈಪ್ ಹೇಳದೇ ಇದ್ರೆ ಬಿ. ಡಾಕ್ಟ್ರು ಓಪನ್ ಅಂತಾನೂ ಬರೀಲಿಲ್ಲ, ಕ್ಲೋಸ್ಡ್ ಅಂತಾನೂ ಬರೀಲಿಲ್ಲ ಅಂದ್ರೆ ಗೈಡ್‌ಲೈನ್ ಪ್ರಕಾರ ಕ್ಲೋಸ್ಡ್ ಆಗ್ತದೆ, ಗುಂಡು ತೂರಿ ಮುರಿದ ಮೂಳೆಯನ್ನ ಕ್ಲೋಸ್ಡ್ ಅಂತ ಕಳ್ಸೋದು ಯಾರಿಗೂ ಸಮಾಧಾನ ಆಗೋ ವಿಷಯ ಅಲ್ಲ, ಅಲ್ಲಿ ಊಹೆ ಮಾಡದೇ ಡಾಕ್ಟ್ರಿಗೆ ಕ್ವೈರಿ (ಲಿಖಿತ ಪ್ರಶ್ನೆ) ಹಾಕಿ.

ರಕ್ತನಾಳ ಅಥವಾ ನರಕ್ಕೆ ಪೆಟ್ಟಾಗಿದ್ರೆ ಯಾವುದು ಮೊದಲು ಅನ್ನೋದು ಪೆಟ್ಟಿನ ಗಾತ್ರ ನೋಡಿ. ಮುಖ್ಯ ಗಾಯ ಬೇರೆ ಇದ್ದು ನಾಳಕ್ಕೆ ಸಣ್ಣ ಪೆಟ್ಟು ಅಂದ್ರೆ ಮುಖ್ಯ ಗಾಯ ಮೊದಲು. ತೊಡೆಯ ದೊಡ್ಡ ರಕ್ತನಾಳ ಫೀಮೋರಲ್ ಆರ್ಟರಿನೇ ಹರಿದು ಅದೇ ಮುಖ್ಯ ಅಂದ್ರೆ ಎಸ್75 ಮೊದಲು.

ವೆಸ್ಟ್ ತಡೆದ ಗುಂಡು

ಪೊಲೀಸರ ಚಾರ್ಟ್‌ನಲ್ಲಿ ಮಾತ್ರ ಹೆಚ್ಚಾಗಿ ಕಾಣೋ ವಿಷಯ ಇದು, ಸ್ವಲ್ಪ ನಿಂತು ನೋಡಿ. ಬುಲೆಟ್‌ಪ್ರೂಫ್ ವೆಸ್ಟ್‌ಗೆ ಗುಂಡು ಬಡೀತು, ಒಳಗೆ ತೂರಲಿಲ್ಲ. ನೋಟ್‌ನಲ್ಲಿ ಮೇಲ್ಗಡೆ ಜಿಎಸ್‌ಡಬ್ಲ್ಯೂ (ಗನ್‌ಶಾಟ್ ವೂಂಡ್) ಟು ಚೆಸ್ಟ್ ಅಂತ ಟ್ರಯೇಜ್ (ಬಂದ ಕೂಡ್ಲೇ ಮೊದಲು ನೋಡೋ) ನರ್ಸ್ ಬರೆದಿರ್ತಾರೆ, ಕೆಳಗೆ ಡಾಕ್ಟ್ರ ಪರೀಕ್ಷೆಯಲ್ಲಿ ಚರ್ಮ ಒಡೆದಿಲ್ಲ, ಬಾವು ಇದೆ, ಒತ್ತಿದ್ರೆ ನೋವು ಅಂತ ಇರ್ತದೆ. ಮೇಲಿನ ಸಾಲು ನೋಡಿ ಪಂಕ್ಚರ್ ವೂಂಡ್ ಕೊಟ್ರೆ ಇಲ್ಲದ ಗಾಯ ಕೊಟ್ಟ ಹಾಗೆ. ಅದು ಕಂಟ್ಯೂಷನ್ (ಜಜ್ಜಿದ ಗಾಯ), ಎಡಗಡೆ ಮುಂಭಾಗ ಆದ್ರೆ ಎಸ್20.212ಎ, ಬಲಗಡೆ ಆದ್ರೆ ಎಸ್20.211ಎ. ಕಾರಣದ ಕೋಡ್ ಮಾತ್ರ ಗನ್ನಿನದ್ದೇ, ಯಾಕಂದ್ರೆ ಪೆಟ್ಟು ಕೊಟ್ಟಿದ್ದು ಗುಂಡೇ.

ಇಲ್ಲಿಗೇ ಚಾರ್ಟ್ ಮುಚ್ಚಬೇಡಿ, ಸಿಟಿ ರಿಪೋರ್ಟ್ ತನಕ ಓದಿ. ವೆಸ್ಟ್ ಗುಂಡನ್ನ ತಡೀತದೆ, ಅದ್ರ ಹೊಡೆತದ ಜೋರು ಪೂರ್ತಿ ತಡೆಯೋದಿಲ್ಲ, ಆ ಜೋರು ಎದೆಗೆ ಇಳೀತದೆ. ಪಕ್ಕೆಲುಬು ಮುರಿದಿರ್ಬಹುದು, ಶ್ವಾಸಕೋಶ ಜಜ್ಜಿರ್ಬಹುದು, ಒಂದು ಕಡೆಯದ್ದಾದ್ರೆ ಅದು ಎಸ್27.321ಎ, ಹೃದಯಕ್ಕೆ ಕಂಟ್ಯೂಷನ್ ಆಗಿರ್ಬಹುದು. ಇವು ಯಾವುದಾದ್ರೂ ಅದೇ ಜಾಗದಲ್ಲಿ ಇದ್ರೆ ಆಗ ಮೇಲ್ಮೈ ಬಾವಿನ ಕೋಡ್ ಬಿಡ್ಬೇಕು, ಒಂದೇ ಜಾಗದಲ್ಲಿ ದೊಡ್ಡ ಗಾಯ ಇದ್ದಾಗ ತರಚು, ಬಾವು ಇಂಥ ಸಣ್ಣದ್ದು ಕೋಡ್ ಮಾಡೋದಿಲ್ಲ ಅನ್ನೋದು ಗೈಡ್‌ಲೈನ್. ಇನ್‌ಪೇಷಂಟ್ ಆದ್ರೆ ರೇಡಿಯಾಲಜಿಸ್ಟ್ ಬರೆದದ್ದನ್ನೇ ನೇರ ಎತ್ತಿ ಡಯಾಗ್ನೋಸಿಸ್ ಮಾಡ್ಬೇಡಿ, ನೋಡ್ಕೊಳ್ಳೋ ಡಾಕ್ಟ್ರು ಒಪ್ಪಿ ಬರೆದಿರ್ಬೇಕು.

ಹತ್ತಿರದಲ್ಲೇ ಗನ್ ಸಿಡಿದು ಕಿವಿ ಗುಂಯ್ ಅಂತದೆ ಅನ್ನೋ ಸಾಲು ಕೂಡ ಈ ಚಾರ್ಟ್‌ಗಳಲ್ಲಿ ಇರ್ತದೆ, ಎಲ್ಲರ ಗಮನ ಗುಂಡಿನ ಮೇಲೆ ಇರೋದ್ರಿಂದ ಅದು ಕಣ್ಣು ತಪ್ಪುತ್ತದೆ. ಡಾಕ್ಟ್ರು ಟಿನ್ನಿಟಸ್ ಅಂತ ಡಯಾಗ್ನೋಸಿಸ್ ಬರೆದಿದ್ರೆ ಎಚ್93.1 ಕೆಳಗೆ ಯಾವ ಕಿವಿ ನೋಡಿ ಕೋಡ್ ಕೊಡಿ. ಮುಂದೆ ವರ್ಷಗಟ್ಟಲೆ ಕೇಳದೇ ಹೋದಾಗ ಮೊದಲ ದಿನದ ಆ ಒಂದು ಸಾಲು ಅವ್ರಿಗೆ ಆಧಾರ ಆಗ್ತದೆ.

ಈಗ ಕಾರಣದ ಕೋಡ್, ಅಸಲಿ ಜಟಿಲ ಇಲ್ಲಿ

ವೈ35 ಅಂದ್ರೆ ಲೀಗಲ್ ಇಂಟರ್ವೆನ್ಷನ್. ಹೆಸರು ಕೇಳಿದ್ರೆ ಪೊಲೀಸರು ಆರೋಪಿಗೆ ಹೊಡೆದದ್ದು ಅಂತ ಮಾತ್ರ ಅನ್ಸ್ತದೆ. ಅದ್ರ ಕೆಳಗಿನ ಇನ್‌ಕ್ಲೂಡ್ಸ್ ಟಿಪ್ಪಣಿ ಓದಿದ್ರೆ ವಿಷಯ ಬಿಚ್ಕೊಳ್ತದೆ: ಕಾನೂನು ಪಾಲನೆ ಮಾಡೋ ಅಧಿಕಾರಿಯ ಜೊತೆ ಎದುರಾದ ಸಂದರ್ಭದಲ್ಲಿ ಯಾರಿಗೇ ಗಾಯ ಆಗ್ಲಿ, ಅಧಿಕಾರಿಗೇ ಆಗ್ಲಿ, ಆರೋಪಿಗಾಗ್ಲಿ, ಪಕ್ಕದಲ್ಲಿ ಇದ್ದವ್ರಿಗಾಗ್ಲಿ, ಅಧಿಕಾರಿ ಆಗ ಡ್ಯೂಟಿಯಲ್ಲಿ ಇರ್ಲಿ ಇಲ್ದೇ ಇರ್ಲಿ, ಆ ಕೆಲಸದ ಪಾತ್ರದಲ್ಲಿ ಇದ್ರೆ ಸಾಕು, ಇಲ್ಲೇ ಬರ್ತದೆ. ಅಂದ್ರೆ ಟ್ರಿಗರ್ ಯಾರು ಎಳೆದ್ರು ಅನ್ನೋದು ವೈ35ರಲ್ಲಿ ಪ್ರಶ್ನೆನೇ ಅಲ್ಲ. ಬಂಧಿಸ್ಲಿಕ್ಕೆ ಹೋದಾಗ ಆರೋಪಿ ಹೊಡೆದ ಗುಂಡು ತಾಗಿದ್ರೂ ವೈ35, ಅದೇ ಗಲಾಟೆಯಲ್ಲಿ ಜೊತೆಗಿದ್ದ ಇನ್ನೊಬ್ಬ ಆಫೀಸರ್ ಹೊಡೆದ ಗುಂಡು ತಪ್ಪಿ ತಾಗಿದ್ರೂ ವೈ35.

ವೈ35.0 ಅಂದ್ರೆ ಗನ್. ಐದನೇ ಅಂಕಿ ಯಾವ ಗನ್ ಅಂತ ಹೇಳ್ತದೆ: 0 ಅಂದ್ರೆ ಯಾವುದು ಅಂತ ಬರೆದಿಲ್ಲ, 1 ಮಷೀನ್ ಗನ್, 2 ಹ್ಯಾಂಡ್‌ಗನ್, 3 ರೈಫಲ್ ಪೆಲೆಟ್, 4 ರಬ್ಬರ್ ಬುಲೆಟ್, 9 ಬೇರೆ ಗನ್. ಆರನೇ ಅಂಕಿ ಯಾರಿಗೆ ತಾಗ್ತು ಅಂತ: 1 ಅಧಿಕಾರಿಗೆ, 2 ದಾರಿಹೋಕರಿಗೆ, 3 ಆರೋಪಿಗೆ, 9 ಯಾರು ಅಂತ ಬರೆದಿಲ್ಲ. ಏಳನೇದು ಎ (ಚಿಕಿತ್ಸೆ ನಡೀತಾ ಇದೆ), ಡಿ (ವಾಸಿ ಆಗ್ತಿದೆ) ಅಥವಾ ಎಸ್ (ಹಳೇ ಗಾಯದಿಂದ ಉಳಿದ ತೊಂದರೆ). ಹಾಗಾಗಿ ಕಾರ್ಯಾಚರಣೆಯಲ್ಲಿ ಹ್ಯಾಂಡ್‌ಗನ್ ಗುಂಡು ತಾಗಿದ ಆಫೀಸರ್, ಚಿಕಿತ್ಸೆ ನಡೀತಾ ಇದೆ ಅಂದ್ರೆ ವೈ35.021ಎ. ಅದೇ ಘಟನೆಯ ಆರೋಪಿ ಪಕ್ಕದ ಬೆಡ್‌ನಲ್ಲಿ ಇದ್ರೆ ಅವನದ್ದು ವೈ35.023ಎ. ಒಂದೇ ಆಸ್ಪತ್ರೆಗೆ ಇಬ್ಬರೂ ಬಂದು ಎರಡೂ ಚಾರ್ಟ್ ಒಟ್ಟಿಗೆ ನಿಮ್ಮ ಕ್ಯೂಗೇ ಬರೋದುಂಟು, ಒಂದ್ರ ಕೋಡ್ ಕಾಪಿ ಮಾಡಿ ಇನ್ನೊಂದಕ್ಕೆ ಹಾಕಿದ್ರೆ ಪೊಲೀಸ್ ಆರೋಪಿ ಆಗಿ ಹೋಗ್ತಾನೆ. ಟೇಸರ್ ಗನ್ ಅಂತ ಬರೆದಿದ್ರೆ ಮೋಸ ಹೋಗ್ಬೇಡಿ, ಅದು ಫೈರ್‌ಆರ್ಮ್ ಅಲ್ಲ, ಅದಕ್ಕೆ ವೈ35.83 ಅಂತ ಬೇರೆ ಜಾಗ ಇದೆ.

ಗನ್ನಿನ ಜಾತಿ ಗುರುತಿಸೋ ವಿಷಯದಲ್ಲಿ ನಮ್ಮ ಘಟ್ಟದ ಮೇಲಿನವ್ರಿಗೆ ಒಂದು ಅನುಕೂಲ ಇದೆ. ತೋಟಕ್ಕೆ ಮಂಗ, ಹಂದಿ ಬರ್ತದೆ ಅಂತ ಲೈಸೆನ್ಸ್ ಕೋವಿ ಇಟ್ಕೊಂಡ ಮನೆಗಳು ಊರಲ್ಲಿ ಇದ್ದೇ ಇರ್ತವೆ, ಎಲೆಕ್ಷನ್ ಬಂದಾಗ ಸ್ಟೇಷನ್‌ಗೆ ಜಮಾ ಮಾಡೋದು ನೋಡಿರ್ತೀರಿ. ಚರೆ ತುಂಬಿದ ತೋಟೆ ಹಾಕಿ ಈಡು ಹೊಡೆಯೋ ಆ ಕೋವಿ ಶಾಟ್‌ಗನ್ ಜಾತಿ, ಒಂದೇ ಗುಂಡು ಸುತ್ತಿಕೊಂಡು ಹೋಗೋದು ರೈಫಲ್. ಇಷ್ಟು ಗೊತ್ತಿದ್ರೆ ಚಾರ್ಟ್‌ನಲ್ಲಿ "ಮಲ್ಟಿಪಲ್ ಪೆಲೆಟ್ಸ್" ಅಂತ ನೋಡಿದಾಗ ಏನಾಗಿದೆ ಅಂತ ಕಣ್ಣಿಗೆ ಕಟ್ತದೆ. ಆದ್ರೆ ಕಣ್ಣಿಗೆ ಕಟ್ಟಿದ್ದನ್ನ ಕೋಡ್ ಮಾಡೋ ಹಾಗಿಲ್ಲ ಮಾರಾಯ್ರೆ, ಬರೆದದ್ದನ್ನ ಮಾತ್ರ. "9 ಎಂಎಂ" ಅಂತ ಮಾತ್ರ ಇದ್ರೆ ಅದು ಹ್ಯಾಂಡ್‌ಗನ್ನೇ ಅಂತ ನಿಮಗೆ ನೀವೇ ತೀರ್ಮಾನ ಮಾಡ್ಬೇಡಿ, ಆ ಗುಂಡು ಹಾಕೋ ಉದ್ದ ಗನ್ನುಗಳೂ ಇವೆ. ಎಆರ್-15 ಅಂತ ನೋಡಿದ ಕೂಡ್ಲೇ ಮಷೀನ್ ಗನ್ ಕೊಡ್ಬೇಡಿ, ಅದು ಒಂದು ಎಳೆತಕ್ಕೆ ಒಂದೇ ಗುಂಡು ಹಾರಿಸೋ ಸೆಮಿ ಆಟೋಮ್ಯಾಟಿಕ್ ರೈಫಲ್. ವೈ35.03ರ ಶೀರ್ಷಿಕೆ ರೈಫಲ್ ಪೆಲೆಟ್ ಅಂತ ಇರೋದ್ರಿಂದ ರೈಫಲ್ ಅನ್ನೋ ಶಬ್ದ ಕಂಡಲ್ಲೆಲ್ಲ ಅದನ್ನ ಎಳ್ಕೊಂಡು ಬರೋದೂ ಸರಿಯಲ್ಲ, ಮೊದಲು ಎಕ್ಸ್‌ಟರ್ನಲ್ ಕಾಸ್ ಇಂಡೆಕ್ಸ್ (ಕಾರಣಗಳ ಅಕ್ಷರಕ್ರಮದ ಪಟ್ಟಿ), ಆಮೇಲೆ ಟ್ಯಾಬ್ಯುಲರ್ (ಕೋಡ್ ಕ್ರಮದ ಪಟ್ಟಿ), ಆಮೇಲೆ ನಿಮ್ಮ ಕ್ಲೈಂಟ್‌ನ ಲಿಖಿತ ನಿಯಮ, ಈ ಕ್ರಮದಲ್ಲಿ ಹೋಗಿ. ಗನ್ ಯಾವುದು ಅಂತ ಎಲ್ಲೂ ಇಲ್ಲ ಅಂದ್ರೆ ವೈ35.001.

ಯಾವಾಗ ವೈ35 ಅಲ್ಲ? ಡ್ಯೂಟಿ ಮುಗಿಸಿ ಮನೇಲಿ ಇದ್ದಾಗ ಸಂಬಂಧಿಕನ ಜೊತೆ ಜಗಳ ಆಗಿ ಗುಂಡು ತಾಗ್ತು ಅಂತ ಇಟ್ಕೊಳ್ಳಿ, ಅಲ್ಲಿ ಕಾನೂನು ಪಾಲನೆಯ ಕೆಲಸವೇ ಇಲ್ಲ, ಆಸಾಮಿ ಪೊಲೀಸ್ ಅನ್ನೋದು ಕೇವಲ ಅವ್ರ ವೃತ್ತಿ. ಅದು ಅಸಾಲ್ಟ್. ಹ್ಯಾಂಡ್‌ಗನ್ ಆದ್ರೆ ಎಕ್ಸ್93, ನಂತರ ಖಾಲಿ ಜಾಗಕ್ಕೆ ಮೂರು ಎಕ್ಸ್ ತುಂಬಿ ಕೊನೆಗೆ ಎ. ಶಾಟ್‌ಗನ್ ಎಕ್ಸ್94.0, ಹಂಟಿಂಗ್ ರೈಫಲ್ ಎಕ್ಸ್94.1, ಏರ್‌ಗನ್ ಎಕ್ಸ್95.01, ಯಾವ ಗನ್ ಅಂತ ಗೊತ್ತಿಲ್ಲದೇ ಇದ್ರೆ ಎಕ್ಸ್95.9. ಆದ್ರೆ ರಜೆ ಮೇಲಿದ್ದ ಆಫೀಸರ್ ಅಂಗಡೀಲಿ ದರೋಡೆ ನಡೆಯೋದು ನೋಡಿ "ಪೊಲೀಸ್" ಅಂತ ಹೇಳಿ ತಡೀಲಿಕ್ಕೆ ಹೋಗಿ ಗುಂಡು ತಿಂದ್ರು ಅಂತ ನೋಟ್ ಹೇಳಿದ್ರೆ ಅದು ವೈ35ಕ್ಕೆ ಬರ್ತದೆ, ಯಾಕಂದ್ರೆ ಆ ಕ್ಷಣಕ್ಕೆ ಅವ್ರು ಅಧಿಕಾರಿಯ ಪಾತ್ರದಲ್ಲೇ ಇದ್ರು. ಖಾಸಗಿ ಸೆಕ್ಯೂರಿಟಿ ಗಾರ್ಡ್‌ಗೆ ಕಳ್ಳ ಹೊಡೆದ್ರೆ ಯೂನಿಫಾರ್ಮ್ ಇದ್ದೂ ಅಸಾಲ್ಟೇ. ಷೆರಿಫ್ ಕಚೇರಿಯ ಡೆಪ್ಯುಟಿ, ಸ್ಟೇಟ್ ಟ್ರೂಪರ್, ಮಾರ್ಷಲ್ ಇವರೆಲ್ಲ ಹೆಸರಲ್ಲಿ ಬೇರೆ ಕಂಡ್ರೂ ಕಾನೂನು ಪಾಲನೆಯವ್ರೇ, ಅಲ್ಲಿನ ಹುದ್ದೆಗಳ ಹೆಸರು ಒಮ್ಮೆ ಕೂತು ಪರಿಚಯ ಮಾಡ್ಕೊಳ್ಳಿ.

ಪಾರ್ಕಿಂಗ್‌ನಲ್ಲಿ ಕಾರಲ್ಲಿ ಕೂತು ರಿಪೋರ್ಟ್ ಬರೀತಿದ್ದ ಆಫೀಸರ್‌ಗೆ ಯಾರೋ ಹಿಂದಿನಿಂದ ಬಂದು ಹೊಡೆದ್ರು ಅನ್ನೋ ಹೊಂಚು ದಾಳಿಯಲ್ಲಿ ಕೋಡರ್‌ಗಳ ನಡುವೆನೇ ವಾದ ಆಗ್ತದೆ. ನನ್ನ ಅಭಿಪ್ರಾಯ ಇಷ್ಟು: ನೋಟ್‌ನಲ್ಲಿ ತಡೆಯೋದು, ಬೆನ್ನಟ್ಟೋದು, ಬಂಧಿಸೋದು, ತಪಾಸಣೆ, ಹೀಗೆ ಯಾವುದೇ ಎದುರಾಟ ಕಾಣದೇ ಇದ್ರೆ ಅಸಾಲ್ಟ್ ಕಡೆ ವಾಲ್ಬೇಕು, ಮತ್ತು ಒಬ್ರೇ ನಿರ್ಧಾರ ಮಾಡದೇ ಲೀಡ್‌ಗೆ (ತಂಡದ ಮುಖ್ಯಸ್ಥರಿಗೆ) ತೋರಿಸಿ ಆ ಕ್ಲೈಂಟ್‌ಗೆ ಏನು ಪದ್ಧತಿ ಅಂತ ಬರವಣಿಗೆಯಲ್ಲಿ ತಗೊಂಡು ಎಲ್ಲ ಚಾರ್ಟ್‌ಗೂ ಅದನ್ನೇ ಪಾಲಿಸ್ಬೇಕು.

ಟೆರರಿಸಂ ಕೋಡ್ ವೈ38.4 ಇದೆ, ಅದ್ರಲ್ಲೂ ಸಾರ್ವಜನಿಕ ರಕ್ಷಣೆಯ ಅಧಿಕಾರಿಗೆ ಗಾಯ ಅಂದ್ರೆ ವೈ38.4ಎಕ್ಸ್1 ಅಂತ ಪ್ರತ್ಯೇಕ ಜಾಗ. ಅದನ್ನ ಮುಟ್ಬೇಕು ಅಂದ್ರೆ ಎಫ್‌ಬಿಐ ಆ ಘಟನೆಯನ್ನ ಭಯೋತ್ಪಾದನೆ ಅಂತ ಗುರುತಿಸಿರ್ಬೇಕು. ಅನುಮಾನ ಮಾತ್ರ ಇದ್ರೆ ಅಸಾಲ್ಟ್ ಕೋಡೇ.

ಆಕ್ಸಿಡೆಂಟ್ ಅನ್ನೋ ಸುಲಭದ ದಾರಿ

ಸರ್ವಿಸ್ ಪಿಸ್ತೂಲು ಕ್ಲೀನ್ ಮಾಡುವಾಗ ಸಿಡೀತು, ಹೋಲ್‌ಸ್ಟರ್‌ಗೆ ಹಾಕುವಾಗ ತೊಡೆಗೆ ಹೊಡೀತು, ತರಬೇತಿಯಲ್ಲಿ ತಾಗ್ತು, ಇವು ನಿಜವಾದ ಆಕ್ಸಿಡೆಂಟ್. ಹ್ಯಾಂಡ್‌ಗನ್ ಸಿಡಿದದ್ದು ಡಬ್ಲ್ಯೂ32.0, ಗನ್ನೇ ಕೆಟ್ಟು ಗಾಯ ಮಾಡಿದ್ರೆ ಡಬ್ಲ್ಯೂ32.1, ಶಾಟ್‌ಗನ್ ಡಬ್ಲ್ಯೂ33.01, ಯಾವ ಗನ್ ಅಂತ ಗೊತ್ತಿಲ್ಲ ಅಂದ್ರೆ ಡಬ್ಲ್ಯೂ34.00. ಡ್ಯೂಟಿಯಲ್ಲಿ ಆಯ್ತು ಅಂದ ಮಾತ್ರಕ್ಕೆ ಇವು ಲೀಗಲ್ ಇಂಟರ್ವೆನ್ಷನ್ ಆಗೋದಿಲ್ಲ, ಅಲ್ಲಿ ಎದುರಾಳಿನೇ ಇಲ್ವಲ್ಲ.

ತೊಂದ್ರೆ ಏನಂದ್ರೆ, ಉದ್ದೇಶ ಏನು ಅಂತ ಬರೆದೇ ಇಲ್ಲ ಅಂದ್ರೆ ಆಕ್ಸಿಡೆಂಟ್ ಅಂತ ತಗೊಳ್ಳಿ ಅಂತ ಗೈಡ್‌ಲೈನೇ ಹೇಳ್ತದೆ. ಬರೀ "ಜಿಎಸ್‌ಡಬ್ಲ್ಯೂ ಲೆಫ್ಟ್ ಆರ್ಮ್" ಅಂತ ಒಂದು ಸಾಲು ಇದ್ರೆ ಸಾಫ್ಟ್‌ವೇರ್ ನಿಮ್ಮನ್ನ ಸೀದಾ ಡಬ್ಲ್ಯೂ34ಕ್ಕೆ ಕರ್ಕೊಂಡು ಹೋಗ್ತದೆ. ಯಾರೋ ಬೇಕಂತ್ಲೇ ಹೊಡೆದ ಗಾಯಗಳು ಹೀಗೆ ಆಸ್ಪತ್ರೆ ದಾಖಲೆಯಲ್ಲಿ ಆಕ್ಸಿಡೆಂಟ್ ಆಗಿ ಸೇರ್ಕೊಂಡಿವೆ ಅಂತ ಅಮೆರಿಕದ ಸಂಶೋಧಕರು ಎತ್ತಿ ತೋರ್ಸಿದ್ದಾರೆ. ಇದು ಬರೀ ಬಿಲ್ಲಿನ ವಿಷಯ ಅಲ್ಲ. ಆ ಅಂಕಿಸಂಖ್ಯೆ ಹಿಡ್ಕೊಂಡೇ ಅಲ್ಲಿ ಸರ್ಕಾರ, ಪೊಲೀಸ್ ಇಲಾಖೆ, ಆಸ್ಪತ್ರೆಗಳು ಯೋಜನೆ ಮಾಡೋದು, ಅಲ್ಲಿ ಒಂದು ಅಕ್ಷರ ತಪ್ಪಿದ್ರೆ ಒಬ್ಬ ಮನುಷ್ಯ ಲೆಕ್ಕದಿಂದ ತಪ್ಪಿ ಹೋದ ಹಾಗೆ. ನನಗೆ ಈ ಕೆಲಸದಲ್ಲಿ ತುಂಬಾ ಮುಖ್ಯ ಅನ್ಸೋದು ಇದೇ.

ಹಾಗಾಗಿ ಡಿಫಾಲ್ಟ್‌ಗೆ ಬೀಳೋ ಮೊದಲು ಇಡೀ ಚಾರ್ಟ್ ತಿರುವಿ. ಟ್ರಯೇಜ್ ನೋಟ್, ಇಎಂಎಸ್ ಆಂಬುಲೆನ್ಸ್ ಶೀಟ್, ಟ್ರಾಮಾ ಸರ್ಜನ್‌ನ ಎಚ್ ಆಂಡ್ ಪಿ (ರೋಗಿಯ ಹಿನ್ನೆಲೆ ಮತ್ತು ಪರೀಕ್ಷೆಯ ನೋಟ್), ಸೋಶಿಯಲ್ ವರ್ಕರ್ ನೋಟ್, ಕೌನ್ಸೆಲಿಂಗ್ ನೋಟ್, ಎಲ್ಲೋ ಒಂದು ಕಡೆ "ವಾರಂಟ್ ಜಾರಿ ಮಾಡುವಾಗ" ಅಂತ ಇದ್ದೇ ಇರ್ತದೆ. ಅದ್ರಲ್ಲಿ ಯಾರ ಬರವಣಿಗೆಯಿಂದ ಕೋಡ್ ಮಾಡ್ಬಹುದು ಅನ್ನೋದಕ್ಕೆ ಆ ವರ್ಷದ ಗೈಡ್‌ಲೈನ್ ಮತ್ತು ನಿಮ್ಮ ಆಸ್ಪತ್ರೆಯ ಪಾಲಿಸಿ ನೋಡಿ, ಸಾಲದು ಅನ್ಸಿದ್ರೆ ಅದೇ ಸಾಲನ್ನ ತೋರಿಸಿ ಡಾಕ್ಟ್ರಿಗೆ ಕ್ವೈರಿ ಹಾಕಿ. ಇನ್ನೊಂದು, "ಅನ್‌ಡಿಟರ್ಮಿನ್ಡ್" ಅನ್ನೋ ವೈ22, ವೈ23, ವೈ24 ಇವನ್ನ ಗೊತ್ತಿಲ್ಲ ಅನ್ನೋ ಅರ್ಥದಲ್ಲಿ ಬಳಸ್ಬೇಡಿ, ಉದ್ದೇಶ ನಿರ್ಧರಿಸ್ಲಿಕ್ಕೆ ಆಗೋದಿಲ್ಲ ಅಂತ ಡಾಕ್ಟ್ರೇ ಬರೆದಿದ್ರೆ ಮಾತ್ರ.

ಕ್ವೈರಿ ಬರೆಯುವಾಗ ಉತ್ತರ ನೀವೇ ಹೇಳಿಕೊಡೋ ಹಾಗಿಲ್ಲ. "ಇದು ಲೀಗಲ್ ಇಂಟರ್ವೆನ್ಷನ್ ಅಲ್ವಾ?" ಅಂತ ಕೇಳಿದ್ರೆ ಅದು ಲೀಡಿಂಗ್ ಕ್ವೈರಿ, ಆಡಿಟ್‌ನಲ್ಲಿ ಸಿಕ್ಕಿ ಬೀಳ್ತದೆ. ಹೀಗೆ ಬರೀರಿ: ರೋಗಿಗೆ ಗುಂಡಿನ ಗಾಯ ಆಗಿದೆ ಅಂತ ದಾಖಲಾಗಿದೆ, ಆಂಬುಲೆನ್ಸ್ ಶೀಟ್‌ನಲ್ಲಿ ಟ್ರಾಫಿಕ್ ಸ್ಟಾಪ್ ವೇಳೆ ಅಂತ ಇದೆ, ಘಟನೆಯ ಸಂದರ್ಭವನ್ನ ಸ್ಪಷ್ಟಪಡಿಸಿ, ಆಕಸ್ಮಿಕ, ಹಲ್ಲೆ, ಕಾನೂನು ಪಾಲನೆಯ ಸಂದರ್ಭ, ಸ್ವಯಂಕೃತ, ಬೇರೆ, ನಿರ್ಧರಿಸಲು ಆಗದು. ಎಲ್ಲ ಆಯ್ಕೆನೂ ಸಮಾನವಾಗಿ ಇಡಿ.

ಮತ್ತೆ ಒಂದು ಗಟ್ಟಿಯಾಗಿ ಹೇಳ್ಬೇಕಾದ್ದು. ಪೊಲೀಸರಿಗೆ ಗುಂಡು ಬಿದ್ರೆ ಅಮೆರಿಕದಲ್ಲಿ ಅದು ಸುದ್ದಿ ಆಗ್ತದೆ, ಊರು, ತಾರೀಖು ಹಾಕಿ ಹುಡುಕಿದ್ರೆ ವಿಡಿಯೋ ಸಮೇತ ಸಿಗ್ತದೆ. ಹುಡುಕ್ಬೇಡಿ. ಸುದ್ದಿ ನೋಡಿ ಕೋಡ್ ಹಾಕೋ ಹಾಗಿಲ್ಲ, ಚಾರ್ಟ್‌ನಲ್ಲಿ ಇಲ್ಲದ್ದು ನಿಮ್ಮ ಪಾಲಿಗೆ ಇಲ್ಲ. ಜೊತೆಗೆ ಅದು ಹಿಪಾ (ರೋಗಿಯ ಮಾಹಿತಿ ಗುಟ್ಟಾಗಿಡೋ ಅಮೆರಿಕದ ಕಾನೂನು) ಪ್ರಶ್ನೆ ಕೂಡ, ಮನೇಲಿ ಕೆಲಸ ಮಾಡೋರು ಸ್ಕ್ರೀನ್ ಯಾರಿಗೂ ಕಾಣದ ಹಾಗೆ ಕೂರಿ, ನಮ್ಮ ಕಡೆ ಮನೆಗೆ ಬಂದವ್ರು ಪ್ರೀತಿಯಿಂದಲೇ ಬಗ್ಗಿ ನೋಡಿ "ಎಂತ ಕೆಲಸ ಇದು ತಮ್ಮಾ" ಅಂತ ಕೇಳ್ತಾರೆ, ಲಾಕ್ ಮಾಡಿ ಮಾತಾಡಿಸಿ.

ಒಂದು ಚಾರ್ಟ್ ಪೂರ್ತಿ ಮಾಡಿ ನೋಡೋಣ

ಕಲಿಯೋದಕ್ಕೆ ಅಂತ ನಾನೇ ಕಟ್ಟಿದ ಚಾರ್ಟ್ ಇದು. ಡ್ಯೂಟಿಯಲ್ಲಿದ್ದ ಆಫೀಸರ್, ಸ್ಟೇಟ್ ರೋಡ್‌ನಲ್ಲಿ ಟ್ರಾಫಿಕ್ ಸ್ಟಾಪ್, ಕಾರಲ್ಲಿದ್ದವ ಹ್ಯಾಂಡ್‌ಗನ್‌ನಿಂದ ಎರಡು ಗುಂಡು ಹೊಡೆದ. ಒಂದು ಬಲ ತೊಡೆಗೆ ಹೊಕ್ಕಿ ಫೀಮರ್ ಶಾಫ್ಟ್ ಚೂರು ಚೂರು, ಜಾಗ ತಪ್ಪಿದೆ, ಓಪನ್, ಗುಸ್ಟಿಲೋ ಟೈಪ್ 2. ಇನ್ನೊಂದು ವೆಸ್ಟ್ ಎಡಗಡೆಗೆ ಬಡಿದು ಬಾವು, ಸಿಟಿಯಲ್ಲಿ ಒಳಗೆ ಏನೂ ಇಲ್ಲ.

ಮೊದಲು ಎಸ್72.351ಬಿ, ಬಲ ಫೀಮರ್ ಶಾಫ್ಟ್‌ನ ಜಾಗ ತಪ್ಪಿದ ಕಮಿನ್ಯೂಟೆಡ್ ಮುರಿತ, ಓಪನ್. ಎಸ್71 ಬೇಡ, ಕಾರಣ ಮೇಲೆ ಹೇಳಿದ್ದೇನೆ. ಆಮೇಲೆ ಎಸ್20.212ಎ, ಇದು ಬೇರೆ ಜಾಗ ಆದ್ರಿಂದ ಉಳೀತದೆ. ಆಮೇಲೆ ವೈ35.021ಎ. ಜಾಗಕ್ಕೆ ವೈ92.413, ಸ್ಟೇಟ್ ರೋಡ್. ಸ್ಟೇಟಸ್‌ಗೆ ವೈ99.0, ಸಂಬಳಕ್ಕೆ ಮಾಡೋ ನಾಗರಿಕ ಕೆಲಸ, ಪೊಲೀಸರು ಯೂನಿಫಾರ್ಮ್ ಹಾಕಿದ್ರೂ ಮಿಲಿಟರಿ ಅಲ್ಲ, ವೈ99.1 ಕೊಡ್ಬೇಡಿ. ವೈ92, ವೈ93 (ಆಗ ಏನು ಮಾಡ್ತಿದ್ರು ಅನ್ನೋ ಕೋಡ್), ವೈ99 ಮೊದಲ ಎನ್‌ಕೌಂಟರ್‌ನಲ್ಲಿ ಒಮ್ಮೆ ಮಾತ್ರ, ಇವಕ್ಕೆ ಏಳನೇ ಅಕ್ಷರ ಇಲ್ಲ, ಮಾಹಿತಿ ಇಲ್ಲದೇ ಇದ್ರೆ ವೈ92.9 ಅಂತ ತುಂಬಿಸೋದೂ ಬೇಡ. ನೋಡಿ, ಮುರಿತಕ್ಕೆ ಬಿ ಇದ್ರೂ ಕಾರಣದ ಕೋಡಿಗೆ ಎ, ಅಲ್ಲಿ ಬಿ ಅನ್ನೋದೇ ಇಲ್ಲ, ಎರಡೂ ಚಿಕಿತ್ಸೆ ನಡೀತಿರೋ ಹಂತ ಅನ್ನೋದೇ ಹೊಂದಿಕೆ.

ಡಾಕ್ಟ್ರ ಬಿಲ್ಲು ಸಿಎಂಎಸ್-1500 ಫಾರ್ಮ್‌ನಲ್ಲಿ ಹೋಗೋದಾದ್ರೆ 10ಎ ಬಾಕ್ಸ್‌ನಲ್ಲಿ ಉದ್ಯೋಗಕ್ಕೆ ಸಂಬಂಧಪಟ್ಟದ್ದಾ ಅನ್ನೋದಕ್ಕೆ ಹೌದು ಬೀಳ್ಬೇಕು, 14ರಲ್ಲಿ ಗಾಯದ ತಾರೀಖು. ಆಸ್ಪತ್ರೆಯ ಯುಬಿ-04ರಲ್ಲಿ ಕಾರಣದ ಕೋಡಿಗೆ 72ನೇ ಜಾಗ, ಮೂರು ಖಾನೆ ಇದೆ, ಮೊದಲ ಖಾನೆಯಲ್ಲಿ ವೈ35 ಇರ್ಲಿ.

ಪ್ರೊಸೀಜರ್ ಬಗ್ಗೆ ಸ್ವಲ್ಪ. ತೂರಿದ ಗಾಯವನ್ನ ಬಿಡಿಸಿ ಹುಡುಕಿದ್ದಕ್ಕೆ ಸಿಪಿಟಿಯಲ್ಲಿ (ಡಾಕ್ಟ್ರು ಮಾಡಿದ ಕೆಲಸದ ಕೋಡ್ ಪಟ್ಟಿ) 20100 ಕುತ್ತಿಗೆ, 20101 ಎದೆ, 20102 ಹೊಟ್ಟೆ-ಬೆನ್ನು, 20103 ಕೈಕಾಲು. ಗಾಯ ದೊಡ್ಡದು ಮಾಡಿ ಒಳಗೆ ನೋಡಿದ್ದು ಆಪರೇಷನ್ ನೋಟ್‌ನಲ್ಲಿ ಇರ್ಬೇಕು, ಮತ್ತೆ ಎದೆ ಅಥವಾ ಹೊಟ್ಟೆ ತೆರೆದೇ ಆಪರೇಷನ್ ಮಾಡಿದ್ರೆ ಇದನ್ನ ಪ್ರತ್ಯೇಕ ಹಾಕೋದಿಲ್ಲ. ಚೆಸ್ಟ್ ಟ್ಯೂಬ್ 32551. ಕ್ರಿಟಿಕಲ್ ಕೇರ್ 99291ಕ್ಕೆ ಕನಿಷ್ಠ 30 ನಿಮಿಷ, ಅದ್ರಲ್ಲಿ ಚೆಸ್ಟ್ ಟ್ಯೂಬ್ ಹಾಕಿದಂಥ ಬೇರೆ ಬಿಲ್ ಆಗೋ ಪ್ರೊಸೀಜರ್‌ನ ಸಮಯ ಸೇರಿಸ್ಬೇಡಿ.

ತಿಂಗಳ ನಂತರ ಅದೇ ಆಫೀಸರ್ ಬಂದಾಗ

ಎ ಅಂದ್ರೆ ಮೊದಲ ಭೇಟಿ ಅಂತ ಅಲ್ಲ, ಸಕ್ರಿಯ ಚಿಕಿತ್ಸೆ ನಡೀತಾ ಇದೆ ಅಂತ. ಎಮರ್ಜೆನ್ಸಿ, ಓಟಿ, ಹೊಸ ಸರ್ಜನ್ ನೋಡೋದು, ಎಲ್ಲ ಎ. ವಾಸಿ ಆಗ್ತಿರೋ ಹಂತಕ್ಕೆ ಬಂದಾಗ ಬಾವಿಗೆ, ತೂರಿದ ಗಾಯಕ್ಕೆ ಡಿ, ಟೈಪ್ 2 ಓಪನ್ ಮುರಿತ ಸರಿಯಾಗಿ ಕೂಡ್ತಾ ಇದ್ರೆ ಇ, ನಿಧಾನ ಆದ್ರೆ ಎಚ್, ಕೂಡದೇ ಹೋದ್ರೆ ಎಂ. ಕಾರಣದ ಕೋಡ್ ಆಗ ವೈ35.021ಡಿ. ಇಲ್ಲಿ ಆಫ್ಟರ್‌ಕೇರ್ (ಚಿಕಿತ್ಸೆಯ ನಂತರದ ಆರೈಕೆ) ಝಡ್ ಕೋಡ್ ಹಾಕೋದು ತಪ್ಪು, ಗಾಯಗಳಿಗೆ ಏಳನೇ ಅಕ್ಷರವೇ ಆ ಕೆಲಸ ಮಾಡ್ತದೆ. ಒಳಗೇ ಬಿಟ್ಟ ಲೋಹದ ಚೂರು ಇದ್ರೆ ಝಡ್18.10 ನೆನಪಿಡಿ.

ವರ್ಷ ಕಳೆದ ಮೇಲೆ ಆ ಕಾಲಿನ ನೋವಿಗೆ ಬಂದ್ರೆ ಮೊದಲು ಈಗಿನ ತೊಂದರೆ, ಉದಾಹರಣೆಗೆ ಗಾಯದಿಂದ ಉಳಿದ ದೀರ್ಘ ನೋವು ಜಿ89.21, ಆಮೇಲೆ ಎಸ್72.351ಎಸ್, ಆಮೇಲೆ ವೈ35.021ಎಸ್. ಮನಸ್ಸಿಗೆ ಆದ ಗಾಯವನ್ನೂ ಬಿಡ್ಬೇಡಿ. ನಿದ್ದೆ ಬರ್ತಿಲ್ಲ, ಶಬ್ದಕ್ಕೆ ಬೆಚ್ಚಿ ಬೀಳ್ತಾರೆ ಅಂತ ನೋಟ್‌ನಲ್ಲಿ ಇದ್ದು ಡಾಕ್ಟ್ರು ಪಿಟಿಎಸ್‌ಡಿ (ಆಘಾತದ ನಂತರ ಉಳಿಯೋ ಮಾನಸಿಕ ಕಾಯಿಲೆ) ಅಂತ ಬರೆದಿದ್ರೆ ಎಫ್43.1 ಕೆಳಗೆ ನೋಡಿ, ಅಕ್ಯೂಟ್ ಆದ್ರೆ ಎಫ್43.11, ಕ್ರಾನಿಕ್ ಆದ್ರೆ ಎಫ್43.12. ಲಕ್ಷಣ ಮಾತ್ರ ಇದ್ರೆ ಪಿಟಿಎಸ್‌ಡಿ ಅಂತ ನೀವು ಹೆಸರಿಡ್ಬೇಡಿ. ಕೆಲವು ರಾಜ್ಯಗಳಲ್ಲಿ ಪೊಲೀಸರಿಗೆ ಪಿಟಿಎಸ್‌ಡಿಗೂ ಕಾಂಪೆನ್ಸೇಷನ್ ಸಿಗ್ತದೆ, ಹಳೇ ಗುಂಡಿನ ಘಟನೆ ಮತ್ತು ಇವತ್ತಿನ ಕಾಯಿಲೆ ನಡುವೆ ಡಾಕ್ಟ್ರು ಬರೆದ ಸಂಬಂಧ ನೋಟ್‌ನಲ್ಲಿ ಇದೆಯಾ ಅಂತ ಹುಡುಕಿ.

ಕೋಡ್ ಪುಸ್ತಕ ಪ್ರತಿ ಅಕ್ಟೋಬರ್ 1ಕ್ಕೆ ಬದಲಾಗ್ತದೆ, ಏಪ್ರಿಲ್ 1ಕ್ಕೂ ಸಣ್ಣ ಅಪ್‌ಡೇಟ್ ಬರ್ಬಹುದು. ಇನ್‌ಪೇಷಂಟ್‌ಗೆ ಡಿಸ್ಚಾರ್ಜ್ ತಾರೀಖು ಲೆಕ್ಕ, ಔಟ್‌ಪೇಷಂಟ್‌ಗೆ ಚಿಕಿತ್ಸೆ ಕೊಟ್ಟ ತಾರೀಖು. ಸೆಪ್ಟೆಂಬರ್ 29ಕ್ಕೆ ಗುಂಡು ತಾಗಿ ಅಡ್ಮಿಟ್ ಆದ ಆಫೀಸರ್ ಅಕ್ಟೋಬರ್ 3ಕ್ಕೆ ಮನೆಗೆ ಹೋದ್ರೆ ಆಸ್ಪತ್ರೆಯ ಬಿಲ್ ಹೊಸ ಪುಸ್ತಕದಲ್ಲಿ, ಮೊದಲ ದಿನ ಎಮರ್ಜೆನ್ಸಿಯಲ್ಲಿ ನೋಡಿದ ಡಾಕ್ಟ್ರ ಬಿಲ್ ಹಳೇ ಪುಸ್ತಕದಲ್ಲಿ.